ಒಂದೇ ಫೈಲು, ಹಲವು ದುಡ್ಡು: ನೌಕರ ತೀರಿಕೊಂಡ ಮೇಲೆ ಹಕ್ಕು ಯಾರಿಗೆ?

ಸರ್ಕಾರಿ ನೌಕರರ ಸೇವಾ ಪುಸ್ತಕವನ್ನು ಯಾವತ್ತಾದರೂ ಕೈಯಲ್ಲಿ ಹಿಡಿದು ನೋಡಿದ್ದೀರಾ? ಕಚೇರಿಯಲ್ಲಿ ಅದಕ್ಕೆ ಎಸ್‌ಆರ್ ಅನ್ನುತ್ತಾರೆ. ಅಂಚು ಸವೆದ ರಟ್ಟು, ಒಳಗೆ ಬಡ್ತಿ, ವರ್ಗಾವಣೆ, ರಜೆಯ ಲೆಕ್ಕ. ಅದರ ಜೊತೆಯಲ್ಲೇ ನಾಮನಿರ್ದೇಶನದ ಒಂದು ಹಾಳೆ ಇರುತ್ತದೆ. ಹೆಸರು, ಸಂಬಂಧ, ವಯಸ್ಸು, ಪಾಲು ಅಂತ ನಾಲ್ಕೈದು ಕಾಲಂ. ಕೆಲಸಕ್ಕೆ ಸೇರಿದ ಹೊಸತರಲ್ಲಿ ಕೇಸ್ ವರ್ಕರ್ ‘ಇಲ್ಲೊಂದು ಸೈನ್ ಹಾಕಿ ಸಾರ್’ ಅಂದಾಗ ತುಂಬಿಸಿದ ಹಾಳೆ ಅದು. ಆಗ ಮದುವೆ ಆಗಿರಲಿಲ್ಲ. ಹಾಗಾಗಿ ಸಂಬಂಧದ ಕಾಲಂನಲ್ಲಿ ‘ತಾಯಿ’ ಎಂದಿದೆ. ಆಮೇಲೆ ಮದುವೆಯಾಯಿತು, ಮಕ್ಕಳಾದವು, ಮನೆ ಸಾಲ ಬಂತು. ಹಾಳೆ ಮಾತ್ರ ಹಾಗೇ ಉಳಿಯಿತು. ಅದನ್ನು ಮತ್ತೆ ತೆರೆದು ನೋಡುವುದು ನೌಕರ ತೀರಿಕೊಂಡ ಮೇಲೆ.

ಆಗ ಕಚೇರಿಗೆ ಇಬ್ಬರು ಬರುತ್ತಾರೆ. ತಾಯಿ ‘ನಾಮಿನಿ ನಾನು’ ಅನ್ನುತ್ತಾರೆ. ಸೊಸೆ ‘ಹೆಂಡತಿ ನಾನು’ ಅನ್ನುತ್ತಾಳೆ. ಕೆಲವು ಸಲ ಮೂರನೆಯವಳೊಬ್ಬಳು ಮಗುವಿನ ಕೈ ಹಿಡಿದು ಬಂದು ‘ನಾನೂ ಹೆಂಡತಿಯೇ’ ಅನ್ನುತ್ತಾಳೆ. ಕಚೇರಿಯವರು ಯಾರ ಪರವಾಗಿಯೂ ನಿಲ್ಲಲು ಹೆದರುತ್ತಾರೆ. ‘ಕೋರ್ಟಿನಿಂದ ಆರ್ಡರ್ ತನ್ನಿ’ ಎಂದು ಫೈಲು ಮುಚ್ಚುತ್ತಾರೆ. ಅಲ್ಲಿಂದ ವರ್ಷಗಟ್ಟಲೆ ಓಡಾಟ ಶುರು.

ಇಂಥ ಜಗಳಗಳಿಗೆ ಆಸೆ, ಹಳೇ ಸಿಟ್ಟು ಕಾರಣ ಅನ್ನುವುದು ಸುಲಭ. ಆದರೆ ದೊಡ್ಡ ಕಾರಣ ಒಂದು ತಪ್ಪು ತಿಳಿವಳಿಕೆ ಅಂತ ನನಗೆ ಅನ್ನಿಸುತ್ತದೆ. ಬರುವ ಹಣವನ್ನೆಲ್ಲ ಮನೆಯವರು ಒಂದೇ ಗಂಟು ಅಂದುಕೊಳ್ಳುತ್ತಾರೆ. ಕಚೇರಿಯಲ್ಲೂ ಅದೆಲ್ಲ ಒಂದೇ ಫೈಲಿನಲ್ಲಿರುತ್ತದೆ. ಕಾನೂನಿನ ಕಣ್ಣಲ್ಲಿ ಅದು ಒಂದೇ ಗಂಟಲ್ಲ. ಕುಟುಂಬ ಪಿಂಚಣಿ ಬೇರೆ, ಮರಣ ಉಪದಾನ (ಗ್ರಾಚ್ಯುಟಿ) ಬೇರೆ, ಜಿಪಿಎಫ್ ಅನ್ನುವ ಸರ್ಕಾರಿ ನೌಕರರ ಭವಿಷ್ಯ ನಿಧಿ ಬೇರೆ, ರಾಜ್ಯ ಸರ್ಕಾರದ ವಿಮಾ ಇಲಾಖೆಯ ಕೆಜಿಐಡಿ ವಿಮೆ ಬೇರೆ, ಮನೆಯವರೊಬ್ಬರಿಗೆ ಸಿಗುವ ಅನುಕಂಪದ ನೌಕರಿಯಂತೂ ಪೂರ್ತಿ ಬೇರೆ. ಪ್ರತಿಯೊಂದಕ್ಕೂ ‘ಇದು ಯಾರದು’ ಎಂಬ ಪ್ರಶ್ನೆಗೆ ಬೇರೆ ಬೇರೆ ಉತ್ತರ.

ಮೊದಲು ನಾಮಿನಿ ವಿಷಯ ನೋಡೋಣ. ನಾಮಿನಿ ಅಂದರೆ ಹಣದ ಒಡೆಯ ಎಂದೇ ಜನ ನಂಬಿದ್ದಾರೆ. ವಿಮೆ ಹಣದ ಬಗ್ಗೆ 1983ರಲ್ಲೇ ಸುಪ್ರೀಂ ಕೋರ್ಟ್ ಹಾಗಲ್ಲ ಎಂದು ಹೇಳಿತ್ತು. ನಾಮಿನಿ ಹಣವನ್ನು ಪಡೆಯುವ ಕೈ ಅಷ್ಟೆ. ಪಡೆದ ಹಣ ವಾರಸುದಾರರಿಗೆ ಅವರವರ ಪಾಲಿನಂತೆ ಸೇರಬೇಕು. 2023ರ ಡಿಸೆಂಬರ್‌ನಲ್ಲಿ ಕಂಪನಿ ಷೇರುಗಳ ವಿಷಯದಲ್ಲೂ ಅದೇ ಮಾತನ್ನು ಹೇಳಿತು.

ಇನ್ನೂ ಹತ್ತಿರದ ಉದಾಹರಣೆ ಧಾರವಾಡದ್ದು. 2025ರಲ್ಲಿ ಹೈಕೋರ್ಟಿನ ಧಾರವಾಡ ಪೀಠದ ಮುಂದೆ ಒಂದು ವಿಮೆ ಪ್ರಕರಣ ಬಂತು. ಮಗ ಮದುವೆಗೆ ಮುಂಚೆ ಪಾಲಿಸಿ ಮಾಡಿಸಿ ತಾಯಿಯನ್ನು ನಾಮಿನಿ ಮಾಡಿದ್ದ. ಮದುವೆಯಾದ ಮೇಲೂ, ಮಗು ಹುಟ್ಟಿದ ಮೇಲೂ ಹೆಸರು ಬದಲಿಸಲಿಲ್ಲ. 2015ರಲ್ಲಿ ವಿಮಾ ಕಾಯ್ದೆಗೆ ತಿದ್ದುಪಡಿ ಬಂದು, ತಂದೆ ತಾಯಿ, ಗಂಡ ಹೆಂಡತಿ, ಮಕ್ಕಳು ನಾಮಿನಿಯಾಗಿದ್ದರೆ ಹಣದ ಲಾಭ ಅವರಿಗೇ ಎಂಬ ಮಾತು ಸೇರಿತ್ತಲ್ಲ, ತಾಯಿಯ ವಾದ ಅದರ ಮೇಲೆ ನಿಂತಿತ್ತು. ಕೋರ್ಟ್ ಒಪ್ಪಲಿಲ್ಲ. ವಾರಸುದಾರರು ತಕರಾರು ಎತ್ತಿದರೆ ಉತ್ತರಾಧಿಕಾರದ ಕಾನೂನೇ ಮೇಲು ಎಂದಿತು. ತಾಯಿ, ಹೆಂಡತಿ, ಮಗು ಮೂವರಿಗೂ ಮೂರರಲ್ಲಿ ಒಂದೊಂದು ಪಾಲು ಸಿಕ್ಕಿತು.

ಅದೇ ವರ್ಷ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಕೇಂದ್ರ ನೌಕರರೊಬ್ಬರ ಜಿಪಿಎಫ್ ವಿಷಯದಲ್ಲಿ ತೀರ್ಪು ಕೊಟ್ಟಿತು. ಅಲ್ಲೂ ಕಥೆ ಹೆಚ್ಚುಕಮ್ಮಿ ಇದೇ. ಕೆಲಸಕ್ಕೆ ಸೇರಿದಾಗ ತಾಯಿ ನಾಮಿನಿ. ಆಮೇಲೆ ಮದುವೆ. ಮದುವೆಯಾದ ಕೂಡಲೇ ಹಳೆಯ ನಾಮನಿರ್ದೇಶನ ತಾನಾಗಿಯೇ ಬಿದ್ದುಹೋಗುತ್ತದೆ, ಆದ್ದರಿಂದ ತಾಯಿ, ಹೆಂಡತಿ ಸಮ ಹಂಚಿಕೊಳ್ಳಬೇಕು ಎಂದಿತು ಕೋರ್ಟ್. ಖಾಸಗಿ ಕಂಪನಿಗಳ ನೌಕರರ ಭವಿಷ್ಯ ನಿಧಿಯಾದ ಇಪಿಎಫ್‌ನಲ್ಲೂ ಇದೇ ನಿಯಮ. ಕುಟುಂಬ ಇಲ್ಲದಾಗ ಮಾಡಿದ ನಾಮಿನಿ, ಕುಟುಂಬ ಬಂದ ಮೇಲೆ ಊರ್ಜಿತವಲ್ಲ. ಕುಟುಂಬ ಇರುವಾಗ ಅಣ್ಣ ತಮ್ಮಂದಿರ ಹೆಸರು ಬರೆದರೂ ನಡೆಯುವುದಿಲ್ಲ. ಗಾರ್ಮೆಂಟ್ಸ್, ಐಟಿ, ಸಾರಿಗೆ ಎಲ್ಲಿ ಕೆಲಸ ಮಾಡುತ್ತಿದ್ದರೂ ಇದು ಗೊತ್ತಿರಬೇಕು. ಇಪಿಎಫ್ ಜೊತೆಗಿರುವ ವಿಮೆಯಲ್ಲೇ 7 ಲಕ್ಷದವರೆಗೆ ಹಣ ಬರುತ್ತದೆ. ಸಣ್ಣ ಮೊತ್ತವೇನಲ್ಲ.

ಇಲ್ಲಿ ಒಂದು ಮಾತು ಗಮನಿಸಿ. ಹಿಂದೂ ಉತ್ತರಾಧಿಕಾರ ಕಾಯ್ದೆಯಲ್ಲಿ ತೀರಿಕೊಂಡ ಗಂಡಸಿನ ಮೊದಲ ಸಾಲಿನ ವಾರಸುದಾರರಲ್ಲಿ ಹೆಂಡತಿ, ಮಕ್ಕಳ ಜೊತೆ ತಾಯಿಯೂ ಇದ್ದಾಳೆ. ತಂದೆ ಇಲ್ಲ. ಎಷ್ಟೋ ಸೊಸೆಯಂದಿರು ‘ಅತ್ತೆಗೇನು ಹಕ್ಕು’ ಅಂತ ಕೇಳುತ್ತಾರೆ. ವಾರಸಾ ಆಗಿ ಹಂಚಿಕೆಯಾಗುವ ಹಣದಲ್ಲಿ ಅತ್ತೆಗೆ ಸೊಸೆಯಷ್ಟೇ ಹಕ್ಕಿದೆ.

ಆದರೆ ಕುಟುಂಬ ಪಿಂಚಣಿಗೆ ಬಂದ ಕೂಡಲೇ ಲೆಕ್ಕ ಪೂರ್ತಿ ತಿರುಗುತ್ತದೆ. ಅದು ಸತ್ತವರ ಆಸ್ತಿಯೇ ಅಲ್ಲ. ರೈಲ್ವೆ ನೌಕರರೊಬ್ಬರ ಪ್ರಕರಣದಲ್ಲಿ 1991ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟವಾಗಿ ಹೇಳಿತು. ನೌಕರ ಬದುಕಿರುವಾಗ ಅದರಲ್ಲಿ ಅವನಿಗೆ ಒಂದು ರೂಪಾಯಿಯೂ ಸೇರಿಲ್ಲ. ಆದ್ದರಿಂದ ಅದನ್ನು ಉಯಿಲಿನಲ್ಲಿ ಬರೆದುಕೊಡಲು ಬರುವುದಿಲ್ಲ. ‘ನನ್ನ ಪಿಂಚಣಿ ತಮ್ಮನಿಗೆ’ ಎಂದು ಛಾಪಾ ಕಾಗದದಲ್ಲಿ ಬರೆದು ನೋಂದಾಯಿಸಿದರೂ ಉಪಯೋಗವಿಲ್ಲ. ನಿಯಮ ಯಾರ ಹೆಸರು ಹೇಳುತ್ತದೋ ಅವರಿಗೆ ಮಾತ್ರ. ಮೊದಲು ಗಂಡ ಅಥವಾ ಹೆಂಡತಿ, ಆಮೇಲೆ ಮಕ್ಕಳು. ಕೇಂದ್ರದ ನಿಯಮದಲ್ಲಿ ಇವರ್ಯಾರೂ ಇಲ್ಲದಿದ್ದರೆ ಮಾತ್ರ ಅವಲಂಬಿತ ತಂದೆ ತಾಯಿ. ಅಂದರೆ ಜಿಪಿಎಫ್‌ನಲ್ಲಿ ಸಮಪಾಲು ಪಡೆದ ಅದೇ ತಾಯಿಗೆ ಕುಟುಂಬ ಪಿಂಚಣಿಯಲ್ಲಿ ಏನೂ ಇಲ್ಲ.

ಮೊತ್ತ ಎಷ್ಟು ಅಂತ ಗೊತ್ತಾದರೆ ಜಗಳ ಯಾಕೆ ಇಷ್ಟು ಬಿಗಿಯಾಗುತ್ತದೆ ಅನ್ನುವುದೂ ಗೊತ್ತಾಗುತ್ತದೆ. ಕೇಂದ್ರ ನೌಕರರೊಬ್ಬರ ಮೂಲ ವೇತನ 60,000 ರೂಪಾಯಿ ಅಂದುಕೊಳ್ಳಿ. ಸೇವೆಯಲ್ಲಿರುವಾಗಲೇ ತೀರಿಕೊಂಡರೆ ಮೊದಲ 10 ವರ್ಷ ಅದರ ಅರ್ಧ, 30,000. ಆಮೇಲೆ ಶೇಕಡಾ 30, ಅಂದರೆ 18,000. ತುಟ್ಟಿಭತ್ಯೆ ಬೇರೆ. ವಿಧವೆಗೆ ಮೂವತ್ತೈದು ವರ್ಷ ವಯಸ್ಸಾಗಿದ್ದರೆ ಇದು ಜೀವಮಾನದ ಊಟ. ಎಪ್ಪತ್ತು ವರ್ಷದ ತಾಯಿಗೆ ‘ನನ್ನ ಮಗ ದುಡಿದದ್ದು, ನನಗೆ ಔಷಧಿಗೂ ಇಲ್ಲ’ ಎಂಬ ಸಂಕಟ. ಇಬ್ಬರೂ ಕೇಳುತ್ತಿರುವುದು ಅನ್ನವನ್ನೇ. ಇದನ್ನು ಮರೆತು ಒಬ್ಬರನ್ನು ದುರಾಸೆಯವರು ಅನ್ನಲು ನನಗೆ ಮನಸ್ಸು ಬರುವುದಿಲ್ಲ.

ಹೆಂಡತಿ ಯಾರು ಅನ್ನುವುದೇ ಪ್ರಶ್ನೆಯಾದಾಗ ವಿಷಯ ಫ್ಯಾಮಿಲಿ ಕೋರ್ಟಿಗೆ ಹೋಗುತ್ತದೆ. 1984ರ ಕೌಟುಂಬಿಕ ನ್ಯಾಯಾಲಯ ಕಾಯ್ದೆಯ 7ನೇ ಕಲಂ ಪ್ರಕಾರ ಮದುವೆ ಊರ್ಜಿತವೇ, ಇವರು ಗಂಡ ಹೆಂಡತಿ ಹೌದೇ ಎಂದು ಘೋಷಿಸುವ ಅಧಿಕಾರ ಆ ಕೋರ್ಟಿನದು. ‘ಹೌದು’ ಅನ್ನುವುದೂ ಅಲ್ಲೇ, ‘ಅಲ್ಲ’ ಅನ್ನುವುದೂ ಅಲ್ಲೇ ಎಂದು ಸುಪ್ರೀಂ ಕೋರ್ಟ್ 2016ರಲ್ಲಿ ಹೇಳಿದೆ.

ಅಲ್ಲಿ ಮೇಜಿನ ಮೇಲೆ ಬೀಳುವ ಸಾಕ್ಷ್ಯಗಳನ್ನು ನೋಡಿದರೆ ಒಂದು ಸಂಸಾರವನ್ನೇ ಕಿತ್ತು ಹರಡಿದ ಹಾಗೆ ಕಾಣುತ್ತದೆ. ಬಣ್ಣ ಮಾಸಿದ ಲಗ್ನಪತ್ರಿಕೆ. ಧಾರೆಯ ಫೋಟೊ. ರೇಷನ್ ಕಾರ್ಡು. ವೋಟರ್ ಪಟ್ಟಿ. ಮಗುವಿನ ಶಾಲಾ ದಾಖಲಾತಿ ರಿಜಿಸ್ಟರಿನಲ್ಲಿ ತಂದೆಯ ಹೆಸರು. ಆಸ್ಪತ್ರೆಯ ಫಾರಂನಲ್ಲಿ ‘ಗಂಡ’ ಎಂದು ಹಾಕಿದ ಸಹಿ. ಇನ್ನೊಂದು ಕಡೆಯವರು ಇದೇ ಕಾಗದಗಳ ಇನ್ನೊಂದು ಕಂತೆ ತಂದಿರುತ್ತಾರೆ. ಎರಡರಲ್ಲೂ ಅದೇ ಮನುಷ್ಯನ ಸಹಿ. ಉತ್ತರ ಹೇಳಬೇಕಾದವನು ಇಲ್ಲ.

ಮೊದಲ ಹೆಂಡತಿ ಬದುಕಿದ್ದು, ವಿಚ್ಛೇದನ ಆಗಿಲ್ಲದಿದ್ದರೆ, ಹಿಂದೂ ವಿವಾಹ ಕಾಯ್ದೆಯಡಿ ಎರಡನೇ ಮದುವೆ ಅನೂರ್ಜಿತ. ಬಹಳ ವರ್ಷ ಒಟ್ಟಿಗೆ ಬಾಳಿದರೆ ಮದುವೆಯಾಗಿದೆ ಎಂದು ಊಹಿಸಬಹುದು ಎಂಬ ತತ್ವ ಇದೆ, ನಿಜ. ಮೊದಲ ಮದುವೆ ಜೀವಂತವಾಗಿದ್ದರೆ ಅದು ಕೈಹಿಡಿಯುವುದಿಲ್ಲ. ಸರ್ಕಾರಿ ನೌಕರ ಹೀಗೆ ಎರಡನೇ ಮದುವೆಯಾಗುವುದು ನಡತೆ ನಿಯಮಗಳ ಉಲ್ಲಂಘನೆ ಕೂಡ. 2023ರಲ್ಲಿ ನಮ್ಮ ಹೈಕೋರ್ಟಿನ ವಿಭಾಗೀಯ ಪೀಠವೂ ಎರಡನೇ ಹೆಂಡತಿಗೆ ಕುಟುಂಬ ಪಿಂಚಣಿ ಇಲ್ಲ ಎಂದು ಹೇಳಿತು.

ಆದರೆ ಮಕ್ಕಳ ವಿಷಯ ಬೇರೆ. ಬಿಹಾರ ಸರ್ಕಾರದ ನೌಕರರೊಬ್ಬರ ಪ್ರಕರಣದಲ್ಲಿ 2000ನೇ ಇಸವಿಯಲ್ಲಿ ಸುಪ್ರೀಂ ಕೋರ್ಟ್ ದಾರಿ ತೋರಿಸಿತು. ಎರಡನೇ ಹೆಂಡತಿಗೆ ಏನೂ ಇಲ್ಲ. ಆದರೆ ಅವಳ ಮಕ್ಕಳಿಗೆ ಉಪದಾನದಲ್ಲೂ, ಪ್ರಾಯಕ್ಕೆ ಬರುವವರೆಗೆ ಕುಟುಂಬ ಪಿಂಚಣಿಯಲ್ಲೂ ಪಾಲು ಇದೆ. ಇದಕ್ಕೆ ಆಧಾರ ಹಿಂದೂ ವಿವಾಹ ಕಾಯ್ದೆಯ 16ನೇ ಕಲಂ. ಮದುವೆ ಅನೂರ್ಜಿತವಾದರೂ ಹುಟ್ಟಿದ ಮಗು ಕಾನೂನುಬದ್ಧ ಮಗುವೇ ಎನ್ನುತ್ತದೆ ಅದು. 2023ರ ಸೆಪ್ಟೆಂಬರ್ 1ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಇದನ್ನು ಇನ್ನೂ ಮುಂದಕ್ಕೆ ಒಯ್ದಿತು. ಪಿತ್ರಾರ್ಜಿತ ಆಸ್ತಿಯಲ್ಲಿ ತಂದೆಗೆ ಬರುವ ಪಾಲಿನಲ್ಲೂ ಇಂಥ ಮಕ್ಕಳಿಗೆ ಹಕ್ಕಿದೆ ಎಂದಿತು. ಆ ಪ್ರಕರಣ ಹೋಗಿದ್ದು ಕರ್ನಾಟಕದಿಂದಲೇ.

ಕಾನೂನಿನ ಸಾಲು ಹೀಗೆ ನೇರವಾಗಿದೆ. ಬದುಕು ಅಷ್ಟು ನೇರ ಇರುವುದಿಲ್ಲ, ಅಲ್ವಾ? ಎಷ್ಟೋ ಸಲ ಆ ‘ಎರಡನೆಯವಳಿಗೆ’ ಮೊದಲ ಮದುವೆ ವಿಷಯ ಗೊತ್ತೇ ಇರುವುದಿಲ್ಲ. ಅಥವಾ ‘ಅವಳಿಗೆ ಸೋಡಚೀಟಿ ಆಗಿದೆ’ ಎಂದು ನಂಬಿಸಿರುತ್ತಾರೆ. ಹಿರಿಯರ ಮುಂದೆ ಛಾಪಾ ಕಾಗದದಲ್ಲಿ ಬರೆದು, ಹೆಬ್ಬೆಟ್ಟು ಒತ್ತಿಸಿ, ಬಿಟ್ಟುಕೊಟ್ಟಾಯಿತು ಎನ್ನುವ ಈ ಸೋಡಚೀಟಿ ಪದ್ಧತಿ ನಮ್ಮ ಕೆಲವು ಸಮುದಾಯಗಳಲ್ಲಿ ಇತ್ತು, ಈಗಲೂ ಅಲ್ಲಲ್ಲಿ ಇದೆ. ರೂಢಿಯ ವಿಚ್ಛೇದನವನ್ನು ಹಿಂದೂ ವಿವಾಹ ಕಾಯ್ದೆಯ 29ನೇ ಕಲಂ ಉಳಿಸಿಕೊಂಡಿದೆ. ಆದರೆ ಬರೀ ಚೀಟಿ ಇದ್ದರೆ ಸಾಲದು. ನಮ್ಮ ಸಮುದಾಯದಲ್ಲಿ ಇಂಥ ರೂಢಿ ಹಿಂದಿನಿಂದ ನಡೆದುಕೊಂಡು ಬಂದಿದೆ ಅನ್ನುವುದನ್ನು ಕೋರ್ಟಿನಲ್ಲಿ ಸಾಕ್ಷಿ ಸಮೇತ ರುಜುವಾತು ಮಾಡಬೇಕು. ಆ ಹೊತ್ತಿಗೆ ಚೀಟಿಗೆ ಸಹಿ ಹಾಕಿದ ಹಿರಿಯರು ಯಾರೂ ಉಳಿದಿರುವುದಿಲ್ಲ. ಇಪ್ಪತ್ತು ವರ್ಷ ಅನ್ನ ಬೇಯಿಸಿ ಹಾಕಿದವಳು, ಕೊನೆಗಾಲದಲ್ಲಿ ಹಾಸಿಗೆ ಪಕ್ಕ ಕೂತವಳು, ಒಂದು ದಿನದಲ್ಲಿ ಯಾರೂ ಅಲ್ಲದವಳಾಗುತ್ತಾಳೆ. ಮೊದಲ ಹೆಂಡತಿಯ ಹಕ್ಕನ್ನು ಕಾಯಲೇಬೇಕು. ಅವಳಿಗಾದ ಮೋಸವೂ ಸಣ್ಣದಲ್ಲ. ಆದರೂ ಮೋಸ ಮಾಡಿದವನ ತಪ್ಪಿಗೆ ಇಬ್ಬರು ಹೆಂಗಸರು ಬಡಿದಾಡುವುದನ್ನು ನೋಡುವುದು ಕಷ್ಟ.

2008ರ ಒಂದು ತೀರ್ಪು ನನಗೆ ಇದಕ್ಕೇ ಮುಖ್ಯವಾಗಿ ಕಾಣುತ್ತದೆ. ಕಲ್ಲಿದ್ದಲು ಗಣಿಯ ನೌಕರರೊಬ್ಬರು. ಮೊದಲ ಹೆಂಡತಿ ಬದುಕಿರುವಾಗಲೇ ಇನ್ನೊಬ್ಬರ ಜೊತೆ ಸಂಸಾರ ಮಾಡಿದ್ದರು. ಅವರಲ್ಲಿ ನಾಲ್ಕು ಮಕ್ಕಳು. ಭವಿಷ್ಯ ನಿಧಿ ಮುಂತಾದವುಗಳಿಗೆ ಆಕೆಯನ್ನೇ ನಾಮಿನಿ ಮಾಡಿದ್ದರು. ಸುಪ್ರೀಂ ಕೋರ್ಟ್ ಉತ್ತರಾಧಿಕಾರ ಪ್ರಮಾಣಪತ್ರವನ್ನು, ಅಂದರೆ ಸತ್ತವರಿಗೆ ಬರಬೇಕಾದ ಹಣ ಪಡೆಯಲು ಬೇಕಾಗುವ ಸಕ್ಸೆಷನ್ ಸರ್ಟಿಫಿಕೇಟನ್ನು, ನಾಮಿನಿಯಾದ ಆಕೆಯ ಹೆಸರಿಗೇ ಕೊಟ್ಟಿತು. ಆದರೆ ಹಣವನ್ನು ಐದು ಪಾಲು ಎಂದು ಲೆಕ್ಕ ಹಾಕಿತು. ನಾಲ್ಕು ಮಕ್ಕಳದು, ಒಂದು ಮೊದಲ ಹೆಂಡತಿಯದು. ಆ ಐದನೇ ಒಂದು ಭಾಗವನ್ನು ನೀನೇ ಜೋಪಾನ ಮಾಡಿ ಅವಳಿಗೆ ತಲುಪಿಸಬೇಕು ಎಂದು ಆಕೆಗೇ ಹೊಣೆ ಹೊರಿಸಿತು. ಹಣ ಪಡೆಯುವವರು ಬೇರೆ, ಹಣದ ಒಡೆಯರು ಬೇರೆ ಅನ್ನುವುದನ್ನು ಇದಕ್ಕಿಂತ ಚೆನ್ನಾಗಿ ತೋರಿಸುವ ತೀರ್ಪು ನನಗೆ ಕಂಡಿಲ್ಲ.

ಮುಸ್ಲಿಂ ನೌಕರರಲ್ಲಿ ಎರಡೂ ಮದುವೆಗಳು ಅವರ ವೈಯಕ್ತಿಕ ಕಾನೂನಿನಂತೆ ಊರ್ಜಿತವಾಗಿದ್ದರೆ, ಕೇಂದ್ರದ ಪಿಂಚಣಿ ನಿಯಮದ ಪ್ರಕಾರ ವಿಧವೆಯರಿಗೆ ಕುಟುಂಬ ಪಿಂಚಣಿ ಸಮನಾಗಿ ಹಂಚಿಕೆಯಾಗುತ್ತದೆ.

ಇನ್ನೊಂದು ಸಾಮಾನ್ಯ ಸಂದರ್ಭ: ಗಂಡ ಹೆಂಡತಿ ಬೇರೆ ಇದ್ದಾರೆ, ವಿಚ್ಛೇದನ ಅರ್ಜಿ ನಡೆಯುತ್ತಿದೆ, ಅಷ್ಟರಲ್ಲಿ ಗಂಡ ತೀರಿಕೊಂಡ. ‘ಹತ್ತು ವರ್ಷದಿಂದ ಬಿಟ್ಟು ಹೋದವಳು ಈಗ ದುಡ್ಡಿಗೆ ಬಂದಳು’ ಎಂದು ಗಂಡನ ಕಡೆಯವರು ಕೂಗುತ್ತಾರೆ. ಆದರೆ ತೀರ್ಪು ಬರುವ ಮುಂಚೆ ಒಬ್ಬರು ಸತ್ತರೆ ವಿಚ್ಛೇದನದ ಅರ್ಜಿ ಅಲ್ಲಿಗೇ ಮುಗಿಯಿತು. ಆಕೆ ಕಾನೂನಿನಲ್ಲಿ ವಿಧವೆ. ಬೇರೆ ಇದ್ದ ಮಾತ್ರಕ್ಕೆ ಹಕ್ಕು ಹೋಗುವುದಿಲ್ಲ. ಆಕೆಯ ಗೈರುಹಾಜರಿಯಲ್ಲಿ ವಿಚ್ಛೇದನದ ಏಕಪಕ್ಷೀಯ ಡಿಕ್ರಿ ಆಗಿದ್ದರೂ, ಗಂಡ ಸತ್ತ ಮೇಲೆ ಅದನ್ನು ರದ್ದು ಮಾಡಿ ಎಂದು ಕೇಳಬಹುದು. ಕರ್ನಾಟಕದಿಂದಲೇ ಹೋದ ಒಂದು ಪ್ರಕರಣದಲ್ಲಿ 1996ರಲ್ಲಿ ಸುಪ್ರೀಂ ಕೋರ್ಟ್ ಹೀಗೆಂದು ಹೇಳಿದೆ.

ಇದೇ ನಿಯಮ ಹೆಂಗಸರಿಗೂ ತಿರುಗಿ ಹೊಡೆಯುತ್ತಿತ್ತು. ಹೊಡೆತ ತಿಂದು ಗಂಡನಿಂದ ದೂರವಾದ ನೌಕರಳು ತೀರಿಕೊಂಡರೆ ಕುಟುಂಬ ಪಿಂಚಣಿ ಹೋಗುತ್ತಿದ್ದುದು ಅದೇ ಗಂಡನಿಗೆ. ಕೇಂದ್ರ ಸರ್ಕಾರ 2024ರ ಜನವರಿಯಲ್ಲಿ ಇದನ್ನು ಬದಲಿಸಿತು. ವಿಚ್ಛೇದನದ ಅರ್ಜಿ, ಕೌಟುಂಬಿಕ ದೌರ್ಜನ್ಯದ ಅಥವಾ ವರದಕ್ಷಿಣೆಯ ಕೇಸು ಬಾಕಿ ಇದ್ದರೆ, ಗಂಡನಿಗಿಂತ ಮೊದಲು ಮಕ್ಕಳಿಗೆ ಪಿಂಚಣಿ ಕೊಡಿ ಎಂದು ಕೇಂದ್ರದ ಮಹಿಳಾ ನೌಕರರು ಬರೆದುಕೊಡಬಹುದು. ಈ ಬದಲಾವಣೆ ನನಗೆ ತುಂಬಾ ಹಿಡಿಸಿತು. ಎಲ್ಲ ರಾಜ್ಯಗಳ ನೌಕರರಿಗೂ ಇದು ಸಿಗಲೇಬೇಕು.

ಅನುಕಂಪದ ನೌಕರಿಯ ಜಗಳ ಎಲ್ಲಕ್ಕಿಂತ ಕಹಿ. ಹಣವನ್ನಾದರೂ ಹಂಚಬಹುದು, ಕೆಲಸ ಒಬ್ಬರಿಗೇ. ಅದು ವಾರಸಾ ಹಕ್ಕಲ್ಲ, ದಿಕ್ಕುತಪ್ಪಿದ ಕುಟುಂಬಕ್ಕೆ ಕೊಡುವ ಆಸರೆ. ಕರ್ನಾಟಕದಲ್ಲಿ ಇದಕ್ಕೆ 1996ರ ನಿಯಮಗಳಿವೆ. ಮದುವೆಯಾದ ಮಗಳನ್ನು ಹೊರಗಿಟ್ಟಿದ್ದು ತಾರತಮ್ಯ ಎಂದು ಹೈಕೋರ್ಟ್ 2020ರ ಡಿಸೆಂಬರ್‌ನಲ್ಲಿ ಹೇಳಿತು. ಮರುವರ್ಷ ಸರ್ಕಾರ ನಿಯಮ ತಿದ್ದಿತು. ಎರಡನೇ ಮದುವೆಯ ಮಗು ಎಂಬ ಒಂದೇ ಕಾರಣಕ್ಕೆ ಅರ್ಜಿ ತಳ್ಳಿಹಾಕುವಂತಿಲ್ಲ ಎಂದು ರೈಲ್ವೆ ಪ್ರಕರಣವೊಂದರಲ್ಲಿ 2018ರಲ್ಲೇ ಸುಪ್ರೀಂ ಕೋರ್ಟ್ ಹೇಳಿತ್ತು. ಆದರೆ ಸಾವಿನಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ‘ಹೆಂಡತಿ ಯಾರು’ ಎಂಬ ಕೇಸು ಮುಗಿಯಲಿ, ಆಮೇಲೆ ಹಾಕೋಣ ಎಂದು ಸುಮ್ನೆ ಕೂತರೆ ಆ ಒಂದು ವರ್ಷ ಕೈಜಾರುತ್ತದೆ. ಕೇಸು ನಡೆಯುತ್ತಿದ್ದರೂ ಅರ್ಜಿ ಹಾಕಿ, ಸ್ವೀಕೃತಿ ಪಡೆದು ಇಟ್ಟುಕೊಳ್ಳಬೇಕು.

ಈಗ ಅಲೆದಾಟದ ವಿಷಯ. ಮೊದಲು ನಾಡಕಚೇರಿಯಿಂದ ಜೀವಂತ ಸದಸ್ಯರ ಪ್ರಮಾಣಪತ್ರ, ವಂಶವೃಕ್ಷ. ಇವು ಮನೆಯಲ್ಲಿ ಯಾರ್ಯಾರಿದ್ದಾರೆ ಅನ್ನುವುದಕ್ಕೆ ದಾಖಲೆ ಅಷ್ಟೆ, ಹಕ್ಕು ತೀರ್ಮಾನ ಮಾಡುವುದಿಲ್ಲ. ಹೆಂಡತಿ ಹೌದೋ ಅಲ್ಲವೋ ಅನ್ನುವುದಕ್ಕೆ ಫ್ಯಾಮಿಲಿ ಕೋರ್ಟ್. ಜಿಪಿಎಫ್, ವಿಮೆಯಂಥ ಹಣಕ್ಕೆ ಸಿವಿಲ್ ಕೋರ್ಟಿನಲ್ಲಿ 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆಯಡಿ ಪ್ರಮಾಣಪತ್ರ. ಇಲಾಖೆ ಪಿಂಚಣಿ ನಿರಾಕರಿಸಿದರೆ ರಾಜ್ಯ ನೌಕರರ ಮನೆಯವರು ಹೋಗಬೇಕಾದ್ದು ಆಡಳಿತ ನ್ಯಾಯಮಂಡಳಿಗೆ, ಅಂದರೆ ನೌಕರರು ಕೆಎಟಿ ಅನ್ನುತ್ತಾರಲ್ಲ ಅಲ್ಲಿಗೆ. ಬೆಂಗಳೂರು, ಬೆಳಗಾವಿ, ಕಲಬುರಗಿಯಲ್ಲಿ ಅದರ ಪೀಠಗಳಿವೆ. ಒಂದು ಸಾವಿಗೆ ಮೂರು ಕಡೆ ವಕಾಲತ್ತು.

ಇದರಲ್ಲಿ ಒಂದು ತಪ್ಪು ಪದೇ ಪದೇ ಆಗುತ್ತದೆ. ಕುಟುಂಬ ಪಿಂಚಣಿಗೂ ‘ಸಕ್ಸೆಷನ್ ಸರ್ಟಿಫಿಕೇಟ್ ತನ್ನಿ’ ಎಂದು ಕಚೇರಿಗಳು ಕೇಳುತ್ತವೆ. ಅದು ಸತ್ತವರಿಗೆ ಬರಬೇಕಾದ ಬಾಕಿ ಮತ್ತು ಭದ್ರತಾಪತ್ರಗಳಿಗೆ ಸಂಬಂಧಿಸಿದ ಪತ್ರ. ಪಿಂಚಣಿ ಸತ್ತವರ ಆಸ್ತಿಯೇ ಅಲ್ಲ ಅಂದ ಮೇಲೆ ಅದಕ್ಕೆ ಆ ಪತ್ರ ಯಾಕೆ? ಬೇಕಾಗಿರುವುದು ‘ಇವಳು ಹೆಂಡತಿ’ ಎಂಬ ಘೋಷಣೆ. ತಪ್ಪು ಕೋರ್ಟಿಗೆ ಹೋಗಿ, ನಾಲ್ಕು ವರ್ಷ ನಡೆಸಿ, ಕೊನೆಗೆ ‘ಇದು ಇಲ್ಲಿಯ ವಿಷಯವಲ್ಲ’ ಎಂದು ಕೇಳಿಸಿಕೊಂಡು ಹೊರಗೆ ಬರುವವರ ಮುಖ ನೋಡಬೇಕು ನೀವು. ಇನ್ನು, ಪ್ರಮಾಣಪತ್ರ ಕೊಟ್ಟ ಮಾತ್ರಕ್ಕೆ ಒಡೆತನ ಶಾಶ್ವತವಾಗಿ ತೀರ್ಮಾನವಾಯಿತು ಎಂದೂ ಅಲ್ಲ. ಮೋಸದಿಂದ ಪಡೆದಿದ್ದರೆ ಅದನ್ನು ರದ್ದು ಮಾಡಿಸಬಹುದು. ಹಕ್ಕಿನ ಪ್ರಶ್ನೆಯನ್ನು ಬೇರೆ ದಾವೆಯಲ್ಲಿ ಮತ್ತೆ ಎತ್ತಬಹುದು.

ಕಚೇರಿಗಳ ಹೆದರಿಕೆ ನನಗೆ ಅರ್ಥವಾಗುತ್ತದೆ. ತಪ್ಪು ಕೈಗೆ ಹಣ ಕೊಟ್ಟರೆ ಬಟವಾಡೆ ಅಧಿಕಾರಿಯ ತಲೆಗೆ ಬರುತ್ತದೆ. ಆದರೆ ಜಗಳ ಇದೆ ಅಂದ ಕೂಡಲೇ ಫೈಲಿನಲ್ಲಿರುವ ಎಲ್ಲ ಹಣವನ್ನೂ ಕಟ್ಟಿಹಾಕುವ ಅಭ್ಯಾಸ ಮಾತ್ರ ಸರಿಯಲ್ಲ. ಉಪದಾನದಲ್ಲಿ ತಾಯಿಯ ತಕರಾರು ಇದ್ದರೆ ಪಿಂಚಣಿ ಯಾಕೆ ನಿಲ್ಲಬೇಕು? ಪಿಂಚಣಿಯಲ್ಲಿ ತಾಯಿಗೆ ಪಾಲೇ ಇಲ್ಲವಲ್ಲ. ಇಬ್ಬರು ಹೆಂಗಸರು ‘ಹೆಂಡತಿ ನಾನು’ ಅನ್ನುತ್ತಿದ್ದರೆ, ಆ ಪಾಲನ್ನು ಬೇಕಾದರೆ ತಡೆಹಿಡಿಯಲಿ. ಮಕ್ಕಳು ಅವನವೇ ಅನ್ನುವುದನ್ನು ಎರಡೂ ಕಡೆಯವರು ಒಪ್ಪಿರುತ್ತಾರೆ. ಅವರಿಗೆ ಉಪದಾನದಲ್ಲಿ, ಜಿಪಿಎಫ್‌ನಲ್ಲಿ ಎಷ್ಟು ಬರುತ್ತದೆ ಎಂದು ಲೆಕ್ಕ ಹಾಕಿ, ಅಷ್ಟನ್ನು ಬ್ಯಾಂಕಿನಲ್ಲಿ ಅವರ ಹೆಸರಿಗೆ ಇಡಲು ಮಧ್ಯಂತರ ಆದೇಶ ಕೊಡಿ ಎಂದು ಕೋರ್ಟನ್ನು ಕೇಳಬಹುದು. ವಕೀಲರು ಇದನ್ನು ಮೊದಲ ತಾರೀಖಿನಲ್ಲೇ ಕೇಳಬೇಕು. ಇಲಾಖೆಯೂ ‘ನಮಗೆ ಅಭ್ಯಂತರ ಇಲ್ಲ’ ಎಂದು ಒಂದು ಪುಟದ ಹೇಳಿಕೆ ಸಲ್ಲಿಸಬೇಕು. ದೊಡ್ಡವರ ಕೇಸು ಎಷ್ಟು ವರ್ಷ ಬೇಕಾದರೂ ನಡೆಯಲಿ. ಮಕ್ಕಳಿಗೆ ಜೂನ್ ತಿಂಗಳಲ್ಲಿ ಶಾಲೆ ಶುರುವಾಗುತ್ತದೆ.